ಕಣ್ಣಾರೆ ಕಂಡದ್ದು

ನನ್ನ ಮಾತಿನ ಬಲದಲ್ಲಿ ನನ್ನ ತಂಗಿಗೆ ಇರುವಷ್ಟು ನಂಬಿಕೆ ನನಗೇ ಇಲ್ಲ. ನೆಂಟರಿಷ್ಟರ ಮನೆಯಲ್ಲಿ ಹುಡುಗ ಹಟ ಹಿಡಿದರೂ, ಸೊಸೆ ಮುನಿಸಿಕೊಂಡರೂ, ಬಾಡಿಗೆಯವರು ಮನೆ ಖಾಲಿ ಮಾಡದಿದ್ದರೂ “ಅಣ್ಣಯ್ಯ ಒಂದು ಮಾತು ಹೇಳಲಿ” ಎನ್ನುತ್ತಾಳೆ. ನಾನೂ ಹೋಗಿ ಹೇಳುತ್ತೇನೆ. ಹುಡುಗ ಹಟ ಬಿಡುವುದಿಲ್ಲ, ಸೊಸೆ ಮುನಿಸು ಬಿಡುವುದಿಲ್ಲ, ಬಾಡಿಗೆಯವರು ಮನೆ ಬಿಡುವುದಿಲ್ಲ. ಆದರೂ ಅವಳ ನಂಬಿಕೆ ಮಾತ್ರ ಇಂದಿಗೂ ಕದಲಿಲ್ಲ.

ಈಚೆಗೆ ಒಂದು ಬೆಳಗ್ಗೆ ಅವಳು ಕಾಫಿಯನ್ನೂ ಕುಡಿಯದೆ ನಮ್ಮ ಮನೆಗೆ ಬಂದಳು. ವಿಷಯ ಅವಳ ಮೊಮ್ಮಗನದು. ಇಂಜಿನಿಯರಿಂಗ್ ಓದಿದ ಹುಡುಗ, ಒಳ್ಳೆಯ ಸಂಬಳದ ಕೆಲಸ. ಈಗ ಅದನ್ನು ಬಿಡುತ್ತೇನೆ ಎಂದು ಕುಳಿತಿದ್ದಾನಂತೆ.

“ಬಿಟ್ಟು ಏನು ಮಾಡುತ್ತಾನಂತೆ?” ಎಂದೆ.

“ಸಿನಿಮಾ ತೆಗೆಯುತ್ತಾನಂತೆ.”

“ತೆಗೆಯಲಿ. ಈಗಿನ ಕಾಲದಲ್ಲಿ ಅದೇನು ಕೀಳು ಕಸಬಲ್ಲ.”

“ಅಂಥ ಸಿನಿಮಾ ಅಲ್ಲ ಅಣ್ಣಯ್ಯ, ಕೊಲೆ ಸಿನಿಮಾ! ಕಟ್ಟುಕತೆಯೂ ಅಲ್ಲ, ನಿಜವಾಗಿ ನಡೆದ ಕೊಲೆಯಂತೆ. ಜೈಲಿನಲ್ಲಿರುವವರ ಹತ್ತಿರ, ಸತ್ತವರ ಮನೆಯವರ ಹತ್ತಿರ, ಪೋಲೀಸರ ಹತ್ತಿರ ಹೋಗಿ ಮಾತಾಡಿಸಿ ಚಿತ್ರ ಹಿಡಿಯುವುದಂತೆ. ನಾಳೆ ಹೆಣ್ಣು ಕೊಡುವವರು ಬಂದು ಹುಡುಗ ಏನು ಮಾಡುತ್ತಾನೆ ಎಂದರೆ ನಾನು ಏನು ಹೇಳಲಿ?”

ಪ್ರಶ್ನೆ ನ್ಯಾಯವಾದದ್ದೇ. ಭಾನುವಾರ ಅವನನ್ನು ಕಳಿಸು ಎಂದೆ.

ನಾಲ್ಕು ದಿನ ಕುಳಿತು ನನ್ನ ಭಾಷಣವನ್ನು ಸಿದ್ಧಮಾಡಿಕೊಂಡೆ. ಅದಕ್ಕೆ ಬೇಕಾದ ಸಾಮಗ್ರಿಗೆ ಕೊರತೆ ಇರಲಿಲ್ಲ. ಈಗ ಮನೆಮನೆಯ ಟಿವಿಯಲ್ಲಿ, ಕೈಕೈಯ ಫೋನಿನಲ್ಲಿ ಇಂಥ ಚಿತ್ರಗಳು ದಂಡಿಯಾಗಿ ಬರುತ್ತಿವೆ. ಎಲ್ಲೋ ಒಂದು ಮನೆಯ ಮಗಳು ಸತ್ತಿರುತ್ತಾಳೆ. ಇನ್ನೆಲ್ಲೋ ಒಂದು ಮನೆಯಲ್ಲಿ ಅದು ರಾತ್ರಿಯ ಊಟಕ್ಕೆ ನೆಂಚಿಕೊಳ್ಳುವ ಉಪ್ಪಿನಕಾಯಿ. ಹಾಗೆಂದು ನಾನೇನೂ ಈ ರುಚಿಯನ್ನು ಅರಿಯದ ಸಾಧುವಲ್ಲ. ಎಳೆಯ ವಯಸ್ಸಿನಲ್ಲಿ ಎನ್. ನರಸಿಂಹಯ್ಯನವರ ಪತ್ತೇದಾರಿ ಕಾದಂಬರಿಗಳನ್ನು ಭೂಗೋಳದ ಪುಸ್ತಕದ ಮಡಿಲಲ್ಲಿಟ್ಟುಕೊಂಡು ಓದಿ, ಅಪ್ಪನಿಂದ ಕಿವಿ ಹಿಂಡಿಸಿಕೊಂಡವನು. ಆದರೆ ಅಲ್ಲಿ ಸತ್ತವರು ಕಾಗದದ ಮೇಲೆ ಸತ್ತವರು. ಅವರಿಗಾಗಿ ಅಳುವ ತಾಯಿ ಎಲ್ಲಿಯೂ ಇರಲಿಲ್ಲ.

ಹುಡುಗ ಬಂದ. ಬಗಲಲ್ಲಿ ಮಡಿಸಿದ ಕಂಪ್ಯೂಟರ್. ನಾನು ಗಂಟಲು ಸರಿಮಾಡಿಕೊಳ್ಳುವಷ್ಟರಲ್ಲೇ, “ತಾತ, ನೀವು ಬಯ್ಯುವುದಕ್ಕೆಂದೇ ಕರೆಸಿದ್ದೀರಿ ಅಂತ ಗೊತ್ತು. ಅದಕ್ಕೆ ಮುಂಚೆ ಒಂದೇ ಒಂದು ಚಿತ್ರ ನೋಡಿಬಿಡಿ. ಆಮೇಲೆ ಎಷ್ಟು ಬೇಕಾದರೂ ಬಯ್ಯಿರಿ” ಎಂದ. ವಾದಿಯ ಹೇಳಿಕೆಯನ್ನು ಕೇಳದೆ ತೀರ್ಪು ಕೊಡುವುದು ತಪ್ಪೆಂದು ಒಪ್ಪಿಕೊಂಡೆ.

ಅವನು ತೋರಿಸಿದ್ದು ಎರಲ್ ಮಾರಿಸ್ ಎಂಬ ಅಮೇರಿಕದವನು 1988ರಲ್ಲಿ ತೆಗೆದ ‘ದಿ ಥಿನ್ ಬ್ಲೂ ಲೈನ್’ ಎಂಬ ಸಾಕ್ಷ್ಯಚಿತ್ರ. ನೋಡುತ್ತ ನೋಡುತ್ತ, ನಡುನಡುವೆ ನಿಲ್ಲಿಸಿ, ಆ ಮನುಷ್ಯನ ಪುರಾಣವನ್ನೂ ಹೇಳಿದ. ಆ ಪುರಾಣ ನನ್ನ ತಂಗಿಗೆ ಸಮಾಧಾನ ತರುವಂಥದಲ್ಲ. ಮಾರಿಸ್ ಹುಟ್ಟಿದ್ದು 1948ರಲ್ಲಿ. ಎರಡು ವರ್ಷದವನಿದ್ದಾಗಲೇ ತಂದೆ ತೀರಿಕೊಂಡರು. ತಾಯಿ ಸಂಗೀತದ ಪಾಠ ಹೇಳಿ ಸಾಕಿದಳು. ಹುಡುಗ ಇತಿಹಾಸ ಓದಿದ. ವಿಜ್ಞಾನದ ಚರಿತ್ರೆಯನ್ನು ಓದುತ್ತೇನೆಂದು ಪ್ರಿನ್ಸ್‌ಟನ್ನಿಗೆ ಹೋಗಿ, ಅಲ್ಲಿ ಥಾಮಸ್ ಕೂನ್ ಎಂಬ ದೊಡ್ಡ ಪಂಡಿತರೊಡನೆ ವಾದಕ್ಕೆ ನಿಂತ. ಸತ್ಯವೆನ್ನುವುದು ನೋಡುವವರ ಚೌಕಟ್ಟನ್ನು ಅವಲಂಬಿಸಿದ್ದು ಎಂಬಂತೆ ಗುರುಗಳ ವಾದ ಅವನಿಗೆ ಕೇಳಿಸಿತು. ಇಲ್ಲ, ಸತ್ಯವೆಂಬುದು ಒಂದು ಇದ್ದೇ ಇದೆ ಎಂದು ಅವನ ಪಟ್ಟು. ಗುರುಗಳು ಸಿಗರೇಟಿನ ಬೂದಿಯ ಬಟ್ಟಲನ್ನೇ ತನ್ನತ್ತ ಎಸೆದರು ಎಂದು ಮಾರಿಸ್ ಬರೆದುಕೊಂಡಿದ್ದಾನೆ. ಅಲ್ಲಿಂದ ಬರ್ಕಲಿಗೆ ಹೋಗಿ ತತ್ತ್ವಶಾಸ್ತ್ರ ಹಿಡಿದು, ಅದನ್ನೂ ಪೂರೈಸದೆ, ಕೊಲೆಗಡುಕರನ್ನು ಹುಡುಕಿಕೊಂಡು ಹೋಗಿ ಮಾತಾಡಿಸುವ ಗೀಳು ಹತ್ತಿಸಿಕೊಂಡ.

“ಇವನ ತಾಯಿ ಏನೆನ್ನುತ್ತಿದ್ದಳೋ” ಎಂದೆ. ಹುಡುಗ ನಕ್ಕ.

ಕೊನೆಗೂ 1978ರಲ್ಲಿ ಮೊದಲ ಚಿತ್ರ ತೆಗೆದ. ಯಾವುದರ ಮೇಲೆ ಎಂದೀರಿ? ಸತ್ತ ನಾಯಿಬೆಕ್ಕುಗಳನ್ನು ಹೂಳುವ ಮಸಣದ ಮೇಲೆ! ಇವನು ಒಂದು ಚಿತ್ರವನ್ನಾದರೂ ಮುಗಿಸಿದರೆ ನನ್ನ ಬೂಟನ್ನು ತಿನ್ನುತ್ತೇನೆ ಎಂದು ವರ್ನರ್ ಹೆರ್ಟ್ಸಾಗ್ ಎಂಬ ಜರ್ಮನ್ ನಿರ್ದೇಶಕ ಪಂಥ ಕಟ್ಟಿದ್ದನಂತೆ. ಮುಗಿಸಿದ ಮೇಲೆ ಬೂಟನ್ನು ಬೇಯಿಸಿ ಸಭೆಯ ಮುಂದೆ ತಿಂದನಂತೆ. ಗೌರವ ಬಂತು, ಹಣ ಬರಲಿಲ್ಲ. ಮಾರಿಸ್ ಹೊಟ್ಟೆಪಾಡಿಗೆ ಕೆಲವು ಕಾಲ ಖಾಸಗಿ ಪತ್ತೇದಾರನ ಕೆಲಸ ಮಾಡಿದ. ನರಸಿಂಹಯ್ಯನವರ ಓದುಗನಾದ ನಾನು ಇಲ್ಲಿ ಸ್ವಲ್ಪ ನೆಟ್ಟಗೆ ಕುಳಿತೆ.

ಅವನು ಟೆಕ್ಸಾಸಿಗೆ ಹೋದದ್ದು ಒಬ್ಬ ಮನೋವೈದ್ಯನ ಮೇಲೆ ಚಿತ್ರ ತೆಗೆಯಲು. ಆ ರಾಜ್ಯದಲ್ಲಿ ಮರಣದಂಡನೆ ಕೊಡಬೇಕಾದರೆ, ಅಪರಾಧಿ ಮುಂದೆಯೂ ಜನಕ್ಕೆ ಅಪಾಯಕಾರಿಯಾಗುತ್ತಾನೆ ಎಂದು ಜೂರಿಯವರಿಗೆ ಮನದಟ್ಟಾಗಬೇಕಾಗಿತ್ತು. ಡಾಕ್ಟರ್ ಜೇಮ್ಸ್ ಗ್ರಿಗ್ಸನ್ ಕೋರ್ಟಿಗೆ ಬಂದು, “ಆಗಿಯೇ ಆಗುತ್ತಾನೆ” ಎಂದು ಎಳ್ಳಷ್ಟೂ ಸಂದೇಹವಿಲ್ಲದೆ ಹೇಳಿ ಹೋಗುತ್ತಿದ್ದರು. ಜನ ಅವರಿಗೆ ‘ಡಾಕ್ಟರ್ ಸಾವು’ ಎಂದೇ ಹೆಸರಿಟ್ಟಿದ್ದರು. 1995ರಲ್ಲಿ ಅಮೇರಿಕದ ಮನೋವೈದ್ಯರ ಸಂಘ ಅವರನ್ನು ಹೊರಗೆ ಹಾಕಿತು. ನಾನು ಸಾಕ್ಷಿ ನುಡಿದ ಕೈದಿಗಳನ್ನು ನೋಡಿ ಬಾ, ಎಂಥವರೆಂದು ತಿಳಿಯುತ್ತದೆ ಎಂದು ಅವರೇ ಮಾರಿಸನಿಗೆ ಹೇಳಿದರಂತೆ. ಹಾಗೆ ನೋಡಹೋದವರಲ್ಲಿ ಒಬ್ಬ ರಾಂಡಲ್ ಆಡಮ್ಸ್. ನಾನು ಕೊಂದವನಲ್ಲ ಎಂದ. ಜೈಲಿನಲ್ಲಿ ಎಲ್ಲರೂ ಹಾಗೆಯೇ ಅನ್ನುತ್ತಾರೆ ಎಂದುಕೊಂಡ ಮಾರಿಸ್, ಕಾಗದಪತ್ರಗಳನ್ನು ಓದಿ ನೋಡಿದ. ಓದಿದಷ್ಟೂ ಅನುಮಾನ ಬೆಳೆಯಿತು.

ನಡೆದದ್ದು ಇಷ್ಟು. 1976ರ ನವೆಂಬರ್ 28, ಡಲ್ಲಾಸ್ ನಗರ, ನಡುರಾತ್ರಿ ಕಳೆದು ಅರ್ಧ ಗಂಟೆ. ದೀಪ ಹಾಕದೆ ಹೋಗುತ್ತಿದ್ದ ಒಂದು ಕಾರನ್ನು ರಾಬರ್ಟ್ ವುಡ್ ಎಂಬ ಪೋಲೀಸು ತಡೆದು, ಎಚ್ಚರಿಕೆ ಹೇಳಲು ಅದರ ಕಿಟಕಿಯ ಬಳಿಗೆ ಹೋದ. ಒಳಗಿದ್ದವನು ಗುಂಡು ಹಾರಿಸಿದ. ವುಡ್ ಬಿದ್ದು ಸತ್ತ. ಜೊತೆಯಲ್ಲಿದ್ದ ಪೋಲೀಸು ಹೆಂಗಸು ಕಾರಿನ ಗುರುತು ಹೇಳಿದಳು. ಇಲಾಖೆಯವರೆಲ್ಲ ಆ ಜಾತಿಯ ಕಾರನ್ನೇ ಹುಡುಕಿದರು. ಕೊನೆಗೆ ನೋಡಿದರೆ ಅದು ಬೇರೆ ಜಾತಿಯ ಕಾರು. ಪೋಲೀಸಿನವರ ಕಣ್ಣಿನ ಗತಿಯೇ ಇದು!

ಆ ಕಾರನ್ನು ಕದ್ದವನು ಡೇವಿಡ್ ಹ್ಯಾರಿಸ್ ಎಂಬ ಹದಿನಾರು ವರ್ಷದ ಹುಡುಗ. ತನ್ನೂರಿಗೆ ಹೋಗಿ, ಡಲ್ಲಾಸಿನಲ್ಲಿ ಪೋಲೀಸಿನವನನ್ನು ಕೊಂದವನು ನಾನೇ ಎಂದು ಗೆಳೆಯರ ಮುಂದೆ ಜಂಬ ಕೊಚ್ಚಿದ. ಪಿಸ್ತೂಲು ಅವನ ಅಪ್ಪನದು. ಆದರೆ ಪೋಲೀಸರು ಹಿಡಿದಾಗ ಮಾತು ತಿರುಗಿಸಿದ: ಅಂದು ದಾರಿಯಲ್ಲಿ ಪೆಟ್ರೋಲು ಮುಗಿದು ನಿಂತಿದ್ದ ಆಡಮ್ಸ್ ಎಂಬವನನ್ನು ಹತ್ತಿಸಿಕೊಂಡಿದ್ದೆ, ಗುಂಡು ಹಾರಿಸಿದವನು ಅವನು ಎಂದ. ಇಬ್ಬರೂ ಆ ದಿನ ಜೊತೆಯಲ್ಲಿದ್ದದ್ದು, ಸಂಜೆ ಒಂದು ಸಿನಿಮಾ ನೋಡಿದ್ದು ನಿಜ. ಆಮೇಲೆ ನಾನು ವಸತಿಗೆ ಹೋಗಿ ಮಲಗಿದೆ ಎಂದ ಆಡಮ್ಸನ ಮಾತನ್ನು ಯಾರೂ ನಂಬಲಿಲ್ಲ. ಹದಿನಾರರ ಹುಡುಗನಿಗೆ ಆ ರಾಜ್ಯದ ಕಾನೂನಿನಲ್ಲಿ ಮರಣದಂಡನೆ ಕೊಡುವಂತಿರಲಿಲ್ಲ, ಆಡಮ್ಸನಿಗೆ ಕೊಡಬಹುದಾಗಿತ್ತು. 1977ರಲ್ಲಿ ಕೊಟ್ಟರು. 1979ರಲ್ಲಿ ಸಾವಿಗೆ ಮೂರು ದಿನ ಉಳಿದಿದ್ದಾಗ ಸುಪ್ರೀಂ ಕೋರ್ಟಿನಿಂದ ತಡೆಯಾಜ್ಞೆ ಬಂತು. ಮರುವರ್ಷ ಆ ಕೋರ್ಟು ಮರಣದಂಡನೆಯನ್ನು ರದ್ದುಮಾಡಿತು. ಆದರೆ ಹೊಸ ವಿಚಾರಣೆ ನಡೆಯಲಿಲ್ಲ. ರಾಜ್ಯಪಾಲರು ಅದನ್ನು ಜೀವಾವಧಿಗೆ ಇಳಿಸಿ, ಕಡತವನ್ನು ಕಟ್ಟಿಟ್ಟರು.

ಮಾರಿಸ್ ವರ್ಷಗಟ್ಟಲೆ ಆ ಕಡತದ ಹಿಂದೆ ಬಿದ್ದ. ಅವನ ವಿಧಾನ ಬಹು ಸುಲಭ. ಸುಲಭವಾದದ್ದರಿಂದಲೇ ನಮಗೆ ಕಷ್ಟ. ಎದುರಿಗಿದ್ದವರನ್ನು ಮಾತಾಡಲು ಬಿಟ್ಟು ತಾನು ಬಾಯಿ ಮುಚ್ಚಿಕೊಂಡಿರುವುದು. ಬೇಕಾದಷ್ಟು ಹೊತ್ತು ಮಾತಾಡಲು ಬಿಟ್ಟರೆ ಮನುಷ್ಯ ತನ್ನ ಒಳಗಿನದನ್ನು ತಾನೇ ಹೊರಗೆ ಹಾಕುತ್ತಾನೆ. ಚಿತ್ರದಲ್ಲಿ ಪೋಲೀಸರು, ಜಡ್ಜಿ, ವಕೀಲರು, ಸಾಕ್ಷಿಗಳು ಒಬ್ಬೊಬ್ಬರಾಗಿ ಬಂದು ಕುಳಿತು ಹೇಳುತ್ತಾರೆ. ಒಬ್ಬೊಬ್ಬರು ಹೇಳಿದಂತೆ ಆ ರಾತ್ರಿಯನ್ನು ಮತ್ತೆ ಆಡಿಸಿ ತೋರಿಸುತ್ತಾನೆ: ಕಾರು ನಿಲ್ಲುತ್ತದೆ, ಗುಂಡು ಹಾರುತ್ತದೆ. ಆದರೆ ಪ್ರತಿ ಸಲವೂ ಏನೋ ಒಂದು ಬೇರೆಯಾಗಿರುತ್ತದೆ. ಇದೇ ನಿಜ ಎಂದು ಅವನು ಒಂದನ್ನೂ ತೋರಿಸುವುದಿಲ್ಲ. ಇವರು ಹೀಗೆ ಕಂಡೆವೆಂದರು, ಅವರು ಹಾಗೆ ಕಂಡೆವೆಂದರು. ಎರಡೂ ನಿಜವಾಗಿರಲು ಸಾಧ್ಯವೆ, ನೀವೇ ನೋಡಿ ಎನ್ನುತ್ತಾನೆ.

ಕೊನೆಯಲ್ಲಿ ಹ್ಯಾರಿಸ್. ಅಂದು ಕ್ಯಾಮೆರಾ ಕೆಟ್ಟಿತ್ತಂತೆ. ಧ್ವನಿಯನ್ನು ಮಾತ್ರ ಹಿಡಿದಿದ್ದಾನೆ. ಪರದೆಯ ಮೇಲೆ ಒಂದು ಚಿಕ್ಕ ಟೇಪ್ ರೆಕಾರ್ಡರ್ ಬಿಟ್ಟರೆ ಏನೂ ಇಲ್ಲ. ಆಡಮ್ಸ್ ನಿರಪರಾಧಿ ಎಂದು ಹ್ಯಾರಿಸ್ ಹೇಳುತ್ತಾನೆ. ಅದು ನಿನಗೆ ಹೇಗೆ ಗೊತ್ತು ಎಂದರೆ, ಗೊತ್ತಿರುವವನು ನಾನೇ ಎಂಬ ಅರ್ಥ ಬರುವಂತೆ ಉತ್ತರ ಕೊಡುತ್ತಾನೆ. ನನ್ನ ಮೈ ಝುಂ ಎಂದಿತು.

ಚಿತ್ರ ಬಂದ ಮರುವರ್ಷ, 1989ರ ಮಾರ್ಚಿಯಲ್ಲಿ, ಟೆಕ್ಸಾಸಿನ ಮೇಲಿನ ಕೋರ್ಟು ಶಿಕ್ಷೆಯನ್ನು ರದ್ದುಮಾಡಿತು. ಹನ್ನೆರಡು ವರ್ಷ ಒಳಗಿದ್ದ ಆಡಮ್ಸ್ ಹೊರಗೆ ಬಂದ. ಒಂದು ಸಿನಿಮಾ ಒಬ್ಬ ಮನುಷ್ಯನನ್ನು ಜೈಲಿನಿಂದ ಬಿಡಿಸಿತು! ಆ ವರ್ಷ ಆಸ್ಕರ್ ಪ್ರಶಸ್ತಿಯ ಸಾಕ್ಷ್ಯಚಿತ್ರಗಳ ಪಟ್ಟಿಯಲ್ಲಿ ಅದರ ಹೆಸರೇ ಇರಲಿಲ್ಲ ಎಂಬುದು ಬೇರೆ ಮಾತು. ಮಾರಿಸನಿಗೆ ಆಸ್ಕರ್ ಬಂದದ್ದು ಬಹಳ ಕಾಲದ ಮೇಲೆ, 2004ರಲ್ಲಿ, ಯುದ್ಧಮಂತ್ರಿಯೊಬ್ಬರನ್ನು ಮಾತಾಡಿಸಿದ ಇನ್ನೊಂದು ಚಿತ್ರಕ್ಕೆ.

“ಈಗ ಬಯ್ಯಿರಿ ತಾತ” ಎಂದ ಹುಡುಗ.

ನನಗೆ ಬಯ್ಯಲಾಗಲಿಲ್ಲ. ನನ್ನ ಮನಸ್ಸು ಆಡಮ್ಸನ ಹತ್ತಿರವೂ ಇರಲಿಲ್ಲ, ಹ್ಯಾರಿಸನ ಹತ್ತಿರವೂ ಇರಲಿಲ್ಲ. ಅದು ಚಿತ್ರದಲ್ಲಿ ಬರುವ ಒಬ್ಬ ಸಾಕ್ಷಿಯ ಹತ್ತಿರ ನಿಂತುಬಿಟ್ಟಿತ್ತು. ಆ ಹೆಂಗಸು ಅಂದು ರಾತ್ರಿ ಆ ದಾರಿಯಲ್ಲಿ ಹೋಗುತ್ತ ಕಾರಿನಲ್ಲಿದ್ದವನನ್ನು ಕಣ್ಣಾರೆ ಕಂಡೆನೆಂದು ಕೋರ್ಟಿನಲ್ಲಿ ಆಡಮ್ಸನತ್ತ ಬೆರಳು ಮಾಡಿದವಳು. ಚಿಕ್ಕಂದಿನಿಂದ ಪತ್ತೇದಾರಿ ಕತೆಗಳನ್ನು ನೋಡಿ ನೋಡಿ ತಾನೂ ಪತ್ತೇದಾರಳಾಗಬೇಕೆಂದು ಆಸೆಯಿತ್ತು ಎಂದು ನಗುನಗುತ್ತ ಹೇಳುತ್ತಾಳೆ. ಪೋಲೀಸರು ಹಲವರನ್ನು ಸಾಲಾಗಿ ನಿಲ್ಲಿಸಿ ಗುರುತಿಸು ಎಂದಾಗ ಅವಳು ಗುರುತಿಸಿದ್ದು ಬೇರೆಯವನನ್ನು. ಸರಿಯಾದವನು ಯಾರೆಂದು ಪೋಲೀಸಿನವನೊಬ್ಬ ಹೇಳಿಕೊಟ್ಟ. ಇದೂ ಅವಳೇ ಮಾರಿಸನ ಮುಂದೆ ಆಡಿದ ಮಾತು. ಅವಳು ಸುಳ್ಳಿ ಎಂದು ಬಯ್ದು ಮುಗಿಸುವುದು ಸುಲಭ. ನನಗೆ ಹಾಗೆ ಅನ್ನಿಸಲಿಲ್ಲ. ಏಕೆಂದರೆ ಅವಳ ಕೆಲಸವನ್ನು ನಾನು ಮಾಡಿದ್ದೆ.

ಅರವತ್ತು ವರ್ಷಕ್ಕೂ ಮೇಲೆ ಯಾರಿಗೂ, ನನ್ನ ಹೆಂಡತಿಗೂ, ಹೇಳದಿದ್ದದ್ದನ್ನು ಆ ಮಧ್ಯಾಹ್ನ ಹುಡುಗನಿಗೆ ಹೇಳಿದೆ.

1961. ಮೈಸೂರಿನಲ್ಲಿ ನಾವಿದ್ದದ್ದು ಒಂದು ವಠಾರದಲ್ಲಿ. ಒಂಬತ್ತು ಮನೆ, ಒಂದು ಅಂಗಳ, ಒಂದು ನಲ್ಲಿ, ಮನೆಗಳ ಹಿಂದಕ್ಕೆ ಹೋಗುವ ಒಂದು ಓಣಿ. ಎಲ್ಲ ಮನೆಗಳಿಗೂ ನೀರು ಹೊತ್ತು, ಅಂಗಡಿಗೆ ಓಡಾಡಿ, ರಾತ್ರಿ ಜಗಲಿಯ ಮೇಲೆ ಮಲಗುವ ಒಬ್ಬ ಹುಡುಗನಿದ್ದ. ನನಗಿಂತ ಒಂದೆರಡು ವರ್ಷ ದೊಡ್ಡವನು. ಒಂದು ಸಂಜೆ ಎದುರು ಮನೆಯ ಮೇಷ್ಟ್ರ ಬೆಳ್ಳಿ ಲೋಟ ಕಾಣೆಯಾಯಿತು. ಅಂಗಳದಲ್ಲಿ ಗುಂಪು ಸೇರಿತು. ನಾನು ಜಗಲಿಯ ಮೇಲೆ ಭೂಗೋಳದ ಮರೆಯಲ್ಲಿ ಪತ್ತೇದಾರಿ ಕಾದಂಬರಿ ಓದುತ್ತಿದ್ದೆ. ಸ್ವಲ್ಪ ಹೊತ್ತಿಗೆ ಮುಂಚೆ ಯಾರೋ ಓಣಿಯಿಂದ ಬಂದು ಹೋದದ್ದು ಕಂಡಂತಿತ್ತು. ಹಾಗೆಂದು ಬಾಯಿಬಿಟ್ಟೆ. ದೊಡ್ಡಪ್ಪ ನನ್ನ ಹೆಗಲ ಮೇಲೆ ಕೈಯಿಟ್ಟು, “ಬಂದವನು ಆ ನೀರಿನ ಹುಡುಗನೇ ತಾನೇ?” ಎಂದರು. ಹೌದೆಂದೆ.

ಅಷ್ಟು ಜನ ದೊಡ್ಡವರು ನನ್ನ ಮಾತನ್ನು ಕಿವಿಗೊಟ್ಟು ಕೇಳಿದ್ದು ಅದೇ ಮೊದಲು. ಎರಡನೆಯ ಸಲ ಹೇಳುವಾಗ ಅವನು ನೀಲಿ ಅಂಗಿ ತೊಟ್ಟಿದ್ದ. ಮೂರನೆಯ ಸಲ ಹೇಳುವಾಗ ಅಂಗಿಯ ಕೆಳಗೆ ಏನನ್ನೋ ಒತ್ತಿ ಹಿಡಿದಿದ್ದ. ನಾನು ಸುಳ್ಳು ಹೇಳಿದೆನೆಂದು ತಿಳಿಯಬೇಡಿ. ಹೇಳುತ್ತ ಹೋದಂತೆ ನನಗೆ ಅದೆಲ್ಲ ಕಣ್ಣಿಗೆ ಕಟ್ಟುತ್ತ ಹೋಯಿತು. “ನಾನು ನಲ್ಲಿ ಹತ್ರ ಇದ್ದೆ ಬುದ್ಧೀ” ಎಂದು ಹುಡುಗ ಮತ್ತೆ ಮತ್ತೆ ಹೇಳಿದ. ನಲ್ಲಿಯ ಹತ್ತಿರ ಇದ್ದವರನ್ನು ಯಾರೂ ಕೇಳಲಿಲ್ಲ. ನಾಲ್ಕು ಏಟು ಹಾಕಿದರು. ಪೋಲೀಸಿಗೆ ಕೊಡುವುದು ಬೇಡ, ಪಾಪ, ಎಂದು ದಯೆ ತೋರಿಸಿ ಆ ರಾತ್ರಿಯೇ ವಠಾರದಿಂದ ಅಟ್ಟಿದರು. ಲೋಟ ಎಂದೂ ಸಿಗಲಿಲ್ಲ.

ಮೊಮ್ಮಗ ಒಂದು ಮಾತೂ ಆಡದೆ ಕೇಳಿದ. ಆಮೇಲೆ ಕ್ಯಾಲೆಂಡರಿನ ಹಳೆಯ ಹಾಳೆಯೊಂದನ್ನು ಮಗುಚಿ ಹಾಕಿ, ಪೆನ್ಸಿಲನ್ನು ನನ್ನ ಕೈಗೆ ಕೊಟ್ಟು, “ಅಂಗಳ ಬರೆಯಿರಿ ತಾತ” ಎಂದ. ಬರೆದೆ. ನೀವು ಕುಳಿತದ್ದು ಎಲ್ಲಿ? ಇಲ್ಲಿ. ಓಣಿ ಯಾವ ಕಡೆಗೆ? ಪಡುವಣಕ್ಕೆ. ಹೊತ್ತು ಎಷ್ಟಾಗಿತ್ತು? ದೀಪ ಹಚ್ಚುವುದಕ್ಕೆ ಸ್ವಲ್ಪ ಮುಂಚೆ.

“ಹಾಗಾದರೆ ಓಣಿಯಿಂದ ಬಂದವನ ಹಿಂದೆ ಸೂರ್ಯ ಮುಳುಗುತ್ತಿದ್ದ. ಅವನ ಮುಖ ಕಪ್ಪಾಗಿ ಕಂಡಿರಬೇಕು. ಅಂಗಿಯ ಬಣ್ಣ ನಿಮಗೆ ಹೇಗೆ ತಿಳಿಯಿತು?”

ಪೆನ್ಸಿಲು ಹಿಡಿದುಕೊಂಡೇ ಬಹಳ ಹೊತ್ತು ಕುಳಿತೆ. ನೀಲಿ ಅಂಗಿಯನ್ನು ನಾನು ಕಂಡದ್ದು ಖಂಡಿತ. ಆದರೆ ಕಂಡದ್ದು ಓಣಿಯಲ್ಲಲ್ಲ. ಆಮೇಲೆ, ಅವನನ್ನು ಎಳೆದು ತಂದು ಜಗಲಿಯ ದೀಪದ ಕೆಳಗೆ ನಿಲ್ಲಿಸಿದಾಗ. ಆ ಅಂಗಿಯನ್ನು ತೆಗೆದುಕೊಂಡು ಹೋಗಿ ಓಣಿಯ ನೆರಳಿಗೆ ತೊಡಿಸಿದವನು ನಾನೇ.

“ಅವನ ಹೆಸರೇನು ತಾತ?”

ನನಗೆ ಗೊತ್ತಿರಲಿಲ್ಲ. ವಠಾರದಲ್ಲಿ ಎಲ್ಲರೂ ಅವನನ್ನು ‘ಹುಡುಗ’ ಎಂದೇ ಕರೆಯುತ್ತಿದ್ದದ್ದು.

‘ಪ್ರತ್ಯಕ್ಷವಾಗಿ ಕಂಡರೂ ಪ್ರಮಾಣಿಸಿ ನೋಡು’ ಎಂದು ನಮ್ಮ ಹಿರಿಯರ ಗಾದೆ. ಎಷ್ಟು ಸಲ ಎಷ್ಟು ಜನಕ್ಕೆ ಇದನ್ನು ನಾನೇ ಹೇಳಿದ್ದೇನೋ! ಬೇರೆಯವರು ಕಂಡದ್ದನ್ನು ಪ್ರಮಾಣಿಸಬೇಕೆಂದು ತಿಳಿದಿದ್ದೆನೇ ಹೊರತು, ನಾನು ಕಂಡದ್ದನ್ನಲ್ಲ. ತಪ್ಪಾಗಿ ಕಂಡದ್ದರ ಬೆಲೆಯನ್ನು ಕಂಡವನು ತೆರುವುದಿಲ್ಲ. ಡಲ್ಲಾಸಿನ ವಿಷಯದಲ್ಲಿ ಅದನ್ನು ಆಡಮ್ಸ್ ಒಬ್ಬನೇ ತೆರಲಿಲ್ಲ. ಅವನು ಜೈಲಿನಲ್ಲಿದ್ದಾಗಲೇ, 1985ರಲ್ಲಿ, ಹ್ಯಾರಿಸ್ ಇನ್ನೊಬ್ಬನನ್ನು ಕೊಂದ. ಆ ಅಪರಾಧಕ್ಕಾಗಿ 2004ರಲ್ಲಿ ಅವನಿಗೆ ಮರಣದಂಡನೆಯಾಯಿತು. 1977ರಲ್ಲಿ ಸರಿಯಾಗಿ ನೋಡಿದ್ದರೆ ಆ ಇನ್ನೊಬ್ಬ ಬದುಕುತ್ತಿದ್ದನೋ ಏನೋ.

ಹುಡುಗನನ್ನು ಹಾಗೆಯೇ ಆಶೀರ್ವಾದ ಮಾಡಿ ಕಳಿಸಿದೆನೆಂದು ತಿಳಿಯಬೇಡಿ. ಈ ಕಸಬಿನ ಇನ್ನೊಂದು ಮುಖವನ್ನೂ ಕೇಳಿ ತಿಳಿದುಕೊಂಡೆ. ಬಿಡುಗಡೆಯಾದ ಮೇಲೆ ಆಡಮ್ಸ್, ನನ್ನ ಬಾಳಿನ ಕತೆ ಯಾರದು ಎಂದು ತನ್ನನ್ನು ಬಿಡಿಸಿದ ಮಾರಿಸನ ಮೇಲೆಯೇ ದಾವೆ ಹೂಡಿದ. ಕೋರ್ಟಿನ ಹೊರಗೆ ರಾಜಿಯಾಗಿ ಕತೆಯ ಹಕ್ಕು ಅವನಿಗೆ ಮರಳಿ ಬಂತು. ಕಳೆದ ಹನ್ನೆರಡು ವರ್ಷಕ್ಕೆ ಸರ್ಕಾರದಿಂದ ಒಂದು ಕಾಸೂ ಬರಲಿಲ್ಲ. 2010ರಲ್ಲಿ ತೀರಿಕೊಂಡಾಗ ಎಷ್ಟು ಸದ್ದಿಲ್ಲದೆ ಬದುಕುತ್ತಿದ್ದನೆಂದರೆ, ಸುದ್ದಿ ಪತ್ರಿಕೆಗಳಿಗೆ ತಲುಪಿದ್ದು ಮರುವರ್ಷ. ಇದನ್ನು ಕೃತಘ್ನತೆ ಎನ್ನಲು ನನಗೆ ಬಾಯಿ ಬರುವುದಿಲ್ಲ. ಹನ್ನೆರಡು ವರ್ಷ ಪರರ ಕೈಯಲ್ಲಿದ್ದ ಬಾಳು ಹೊರಗೆ ಬಂದ ಮೇಲೂ ಪರರ ಪೆಟ್ಟಿಗೆಯಲ್ಲಿದ್ದರೆ ಯಾರಿಗೆ ತಾನೆ ಸಹನೆಯಾದೀತು?

ಅದಕ್ಕೇ ಹುಡುಗನಿಗೆ ಎರಡು ಮಾತು ಹೇಳಿದೆ. ಯಾರ ಕತೆ ಹೇಳುತ್ತೀಯೋ ಅದು ನಿನ್ನದಲ್ಲ, ಅವರದು. ಎರವಲು ತಂದ ಪಾತ್ರೆಯಂತೆ ತೊಳೆದು ಹಿಂದಕ್ಕೆ ಕೊಡಬೇಕು. ಎರಡನೆಯದು, ಸತ್ತವನ ಹೆಸರನ್ನು ಮರೆಯಬೇಡ. ಇಂಥ ಚಿತ್ರಗಳಲ್ಲಿ ಕೊಂದವನು ನೆನಪಿನಲ್ಲಿ ಉಳಿಯುತ್ತಾನೆ, ಸತ್ತವನು ಮೊದಲ ಐದು ನಿಮಿಷಕ್ಕೆ ಮುಗಿದುಹೋಗುತ್ತಾನೆ. “ರಾಬರ್ಟ್ ವುಡ್” ಎಂದ ಹುಡುಗ, ಪಾಠ ಒಪ್ಪಿಸುವವನಂತೆ.

ರಾತ್ರಿ ತಂಗಿಯ ಫೋನು. “ಹೇಳಿದೆಯಾ ಅಣ್ಣಯ್ಯ?”

“ಹೇಳಿದೆ.”

“ಬುದ್ಧಿ ಬಂತಾ?”

“ಬಂತು” ಎಂದೆ. ಯಾರಿಗೆ ಎಂದು ಅವಳು ಕೇಳಲಿಲ್ಲ, ನಾನೂ ಬಿಡಿಸಿ ಹೇಳಲಿಲ್ಲ. ಹೆಣ್ಣು ಕೊಡುವವರು ಕೇಳಿದರೆ, ಹುಡುಗ ಜನರನ್ನು ವಿಚಾರಿಸುವ ಕೆಲಸದಲ್ಲಿದ್ದಾನೆ ಎಂದು ಹೇಳು ಎಂದಷ್ಟೇ ಹೇಳಿಕೊಟ್ಟೆ. ಅವಳು ಅದನ್ನು ಸರ್ಕಾರಿ ಕೆಲಸವೆಂದು ತಿಳಿದಿದ್ದರೆ ತಪ್ಪು ನನ್ನದಲ್ಲ.

ಕ್ಯಾಲೆಂಡರಿನ ಆ ಹಾಳೆ ನನ್ನ ಮೇಜಿನ ಸೆಳೆಗಂಡಿಯಲ್ಲಿದೆ. ಎಷ್ಟು ದೊಡ್ಡ ಚಿತ್ರಗಾರನಾದರೂ ನಮ್ಮ ವಠಾರದ ಹುಡುಗನ ಮೇಲೆ ಚಿತ್ರ ತೆಗೆಯಲಾರ. ಕಡತವಿಲ್ಲ, ಸಾಕ್ಷಿಗಳು ಉಳಿದಿಲ್ಲ, ಹೆಸರೂ ಇಲ್ಲ. ಉಳಿದಿರುವ ಸಾಕ್ಷಿ ನಾನೊಬ್ಬ. ಅವನು ಎಲ್ಲಿಯಾದರೂ ಇದ್ದರೆ ಈಗ ಎಪ್ಪತ್ತೈದು ದಾಟಿರಬೇಕು. ಈ ಪತ್ರಿಕೆ ಅವನ ಕೈಗೆ ಸಿಗುವುದೋ ಇಲ್ಲವೋ. ಆದರೂ ಅಂದು ಅಷ್ಟು ಜನರ ಮುಂದೆ ಹೇಳಿದ್ದನ್ನು ಇಂದು ಅದಕ್ಕಿಂತ ಹೆಚ್ಚು ಜನರ ಮುಂದೆ ತಿದ್ದಿ ಹೇಳುತ್ತೇನೆ: ಆ ಸಂಜೆ ಓಣಿಯಿಂದ ಬಂದದ್ದು ಒಂದು ನೆರಳು. ನಾನು ಕಣ್ಣಾರೆ ಕಂಡದ್ದು ಅಷ್ಟೇ.